ಮುರಿದದ್ದು ಬರೆದರು, ಕೂಡದ್ದು ಬರೆಯಲಿಲ್ಲ

ಸಿಂಧನೂರು, ಮಸ್ಕಿ, ಲಿಂಗಸುಗೂರು ಮೂರೂ ಊರು ರಾಷ್ಟ್ರೀಯ ಹೆದ್ದಾರಿ 150ಎ ಮೇಲಿವೆ. ಈ ರಸ್ತೆಯಲ್ಲಿ ಅಪಘಾತ ಆದರೆ ನಮಗೆ ಫೋನು ಬರುತ್ತದೆ. ‘ಬೈಕ್‌ಗೆ ಗೂಡ್ಸ್ ಗಾಡಿ ಡಿಕ್ಕಿ: ಸವಾರನ ತೊಡೆ ಮುರಿತ’. ಇಂಥ ಸುದ್ದಿ ಎಷ್ಟು ಬರೆದಿದ್ದೇವೋ ನಮಗೇ ಲೆಕ್ಕವಿಲ್ಲ. ಕಳೆದ ವರ್ಷ ಹಾಗೆ ಬರೆದ ನಾಲ್ಕು ಸಾಲಿನ ಒಂದು ಸುದ್ದಿಯ ಸವಾರ ನಮ್ಮ ಕಾಕಾನೇ.

ಕಾಕಾ ಸಿಂಧನೂರಿನ ರೈಸ್ ಮಿಲ್ಲೊಂದರಲ್ಲಿ ಹಮಾಲಿ. ಬಲಗಾಲಿನ ತೊಡೆ ಎಲುಬು ನಡುವಿಗೇ ಮುರಿದಿತ್ತು. ಆಪರೇಷನ್ ಮಾಡಿ ಒಳಗೆ ರಾಡ್ ಹಾಕಿದರು. ನಾಲ್ಕೈದು ತಿಂಗಳಲ್ಲಿ ಕೂಡುತ್ತದೆ ಎಂದರು. ಐದು ತಿಂಗಳಾಯಿತು, ಎಕ್ಸ್‌ರೇಯಲ್ಲಿ ಮುರಿದ ಗೆರೆ ಹಾಗೇ ಇತ್ತು. ಏಳು ತಿಂಗಳಾಯಿತು, ಕೋಲು ಬಿಡಲಿಲ್ಲ. ಹೋದಾಗಲೆಲ್ಲ ಚೀಟಿಯಲ್ಲಿ ಗುಳಿಗೆಯ ಹೆಸರು, ಕೆಳಗೆ ‘ತಿಂಗಳ ನಂತರ ಬನ್ನಿ’. ಅಷ್ಟೇ. ಕಾಕಿ ಭತ್ತದ ನಾಟಿಗೆ ಹೋಗಿ ಮನೆ ನಡೆಸಿದಳು.

ಗಾಡಿಯವರ ಮೇಲೆ ಪರಿಹಾರದ ಕೇಸು ಹಾಕಿದ್ದೆವು. ವಕೀಲರು ಕಾಗದ ಎಲ್ಲಾ ತಿರುವಿ ಕೇಳಿದರು: “ಎಲುಬು ಮುರದೈತಿ ಅಂತ ಇದ್ರಾಗ ಐತಿ. ಇನ್ನಾ ಕೂಡಿಲ್ಲ ಅಂತ ಎಲ್ಲೈತ್ರಿ? ಎಂಟು ತಿಂಗಳು ಕೂಲಿ ಹೋಗಿಲ್ಲ ಅಂತ ನಾ ಹೆಂಗ ತೋರಸ್ಲಿ?”

ನಾವೂ ಹುಡುಕಿದೆವು. ಡಿಸ್ಚಾರ್ಜ್ ಕಾಗದದಲ್ಲಿ ರೋಗದ ಹೆಸರಿನ ಮುಂದೆ ‘ಎಸ್ 72.3’ ಅಂತ ಒಂದು ನಂಬರ್ ಇತ್ತು. ಏನಿದು ಅಂತ ನಮ್ಮ ಪರಿಚಯದ ಲಿಂಗಸುಗೂರಿನ ಹುಡುಗಿಯೊಬ್ಬಳಿಗೆ ಫೋನು ಹಚ್ಚಿದೆವು. ನರ್ಸಿಂಗ್ ಓದಿದ ಅವಳು ಈಗ ಬೆಂಗಳೂರಲ್ಲಿ ಮೆಡಿಕಲ್ ಕೋಡಿಂಗ್ ಕೆಲಸ ಮಾಡುತ್ತಾಳೆ. ಅಮೆರಿಕದ ಆಸ್ಪತ್ರೆಗಳ ದಾಖಲೆ ಓದಿ, ಒಂದೊಂದು ಕಾಯಿಲೆಗೂ ನಂಬರ್ ಹಾಕುವ ಕೆಲಸ. ಆ ನಂಬರ್ ನೋಡಿಯೇ ಅಲ್ಲಿನ ವಿಮಾ ಕಂಪನಿಗಳು ದುಡ್ಡು ಕೊಡುತ್ತವೆ.

ಅವಳು ಬಿಡಿಸಿ ಹೇಳಿದಳು. ಕಾಯಿಲೆಗಳಿಗೆ ನಂಬರ್ ಕೊಡುವ ಪಟ್ಟಿ ವಿಶ್ವ ಆರೋಗ್ಯ ಸಂಸ್ಥೆಯದು, ಹೆಸರು ಐಸಿಡಿ-10. ಅದರಲ್ಲಿ ಎಸ್ 72 ಅಂದರೆ ತೊಡೆ ಎಲುಬಿನ ಮುರಿತ. ಚುಕ್ಕಿಯ ಮುಂದೆ 0 ಇದ್ದರೆ ಚಪ್ಪೆ ಹತ್ತಿರದ ಕುತ್ತಿಗೆ ಭಾಗ, 3 ಇದ್ದರೆ ನಡುವಿನ ಉದ್ದ ಎಲುಬು. ಅಮೆರಿಕದವರು 2015ರ ಅಕ್ಟೋಬರ್ 1ರಿಂದ ಇದನ್ನೇ ಇನ್ನಷ್ಟು ಬೆಳೆಸಿ ಬಳಸುತ್ತಿದ್ದಾರೆ. ಅಲ್ಲಿ ಕೊನೆಗೆ ಒಂದು ಅಕ್ಷರ ಬರುತ್ತದೆ. ಚರ್ಮ ಹರಿಯದ ಮುರಿತವಾದರೆ, ಮೊದಲ ಚಿಕಿತ್ಸೆಗೆ ಎ. ಸರಿಯಾಗಿ ಕೂಡುತ್ತಿದ್ದರೆ ಡಿ. ತಡವಾಗಿ ಕೂಡುತ್ತಿದ್ದರೆ ಜಿ. ಕೂಡದೇ ಹೋದರೆ ಕೆ. ಸೊಟ್ಟಗೆ ಕೂಡಿದರೆ ಪಿ. ಕಾಕಾ ಅಲ್ಲಿದ್ದಿದ್ದರೆ ಅವನ ನಂಬರ್ ‘ಎಸ್ 72.301 ಜಿ’ ಆಗಬಹುದಿತ್ತು ಅಂದಳು.

ವಿಶ್ವ ಆರೋಗ್ಯ ಸಂಸ್ಥೆಯ ಮೂಲ ಪಟ್ಟಿಯಲ್ಲಿ ಈ ಅಕ್ಷರಗಳಿಲ್ಲ. ಆದರೆ ತಡವಾಗಿ ಕೂಡುವ ಮುರಿತಕ್ಕೆ ಎಂ 84.2, ಕೂಡದ ಮುರಿತಕ್ಕೆ ಎಂ 84.1 ಅಂತ ಬೇರೆ ನಂಬರ್ ಇದೆ. ಅಂದರೆ ಹೇಳಲು ಜಾಗ ಇದೆ, ಹೇಳಿದವರಿಲ್ಲ.

“ಅಣ್ಣಾ, ಡಾಕ್ಟ್ರು ಬರದಿದ್ರ ಮಾತ್ರ ನಾವು ಜಿ ಹಾಕತೀವಿ. ಎಕ್ಸ್‌ರೇ ನೋಡಿ ನಾವಾಗೇ ಹಾಕಂಗಿಲ್ಲ” ಎಂದಳು. ಈ ಮಾತು ನಮಗೆ ನಾಟಿತು. ಅಲ್ಲಿಯೂ ಇಲ್ಲಿಯೂ ಎಲ್ಲವೂ ನಿಂತಿರುವುದು ಡಾಕ್ಟರು ಬರೆಯುವ ಒಂದು ಸಾಲಿನ ಮೇಲೆ.

ಎಲ್ಲ ತಿಂಗಳ ಎಕ್ಸ್‌ರೇ ಹಿಡಿದು ಕಾಕಾನ ಜೊತೆ ಮತ್ತೆ ಆಸ್ಪತ್ರೆಗೆ ಹೋದೆವು. ಡಾಕ್ಟರು ಸಿಟ್ಟಾಗಲಿಲ್ಲ. “ಮೊದ್ಲೇ ಕೇಳಿದ್ರ ಅವತ್ತೇ ಬರದು ಕೊಡ್ತಿದ್ದೆ” ಅಂದು, ಎಲುಬು ತಡವಾಗಿ ಕೂಡುತ್ತಿದೆ, ಭಾರ ಎತ್ತುವಂತಿಲ್ಲ ಎಂದು ತಾರೀಖು ಹಾಕಿ ಬರೆದರು. ಬೀಡಿ, ಹತೋಟಿಗೆ ಬಾರದ ಸಕ್ಕರೆ ಕಾಯಿಲೆ, ಗಾಯದಲ್ಲಿ ಸೋಂಕು, ಮುರಿದ ತುದಿಗಳ ನಡುವೆ ಸಂದು, ಇವೆಲ್ಲ ಎಲುಬು ಕೂಡುವುದನ್ನು ತಡ ಮಾಡುತ್ತವೆ ಎಂದರು. ಕಾಕಾ ಕಿಸೆ ಮುಟ್ಟಿಕೊಂಡ. “ಹಂಗಾದ್ರ ಬೀಡಿ ಬಿಡ್ಬೇಕೇನ್ರಿ?” ಎಂದ. ಕಾಕಿ ಅಲ್ಲೇ ಕಟ್ಟು ಕಸಿದುಕೊಂಡಳು.

ಕೇಸು ಇನ್ನೂ ನಡೆದಿದೆ. ಆದರೆ ಈಗ ವಕೀಲರ ಕೈಯಲ್ಲಿ ಕಾಗದ ಇದೆ. ಮತ್ತೊಂದು ಆಪರೇಷನ್ ಬೇಕಾದರೂ ಇದೇ ಕಾಗದ ಬೇಕು. ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಲ್ಲಿ ಬಿಪಿಎಲ್ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಚಿಕಿತ್ಸೆ ಇದೆ. ಅದಕ್ಕೆ ಮಂಜೂರಾತಿ ಕೇಳುವಾಗ ಈ ಆಪರೇಷನ್ ಯಾಕೆ ಬೇಕು ಎಂಬುದನ್ನು ಕಾಗದದಲ್ಲೇ ತೋರಿಸಬೇಕು.

ಅದಕ್ಕೇ ಓದುವವರಿಗೆ ಒಂದು ಮಾತು. ನಿಮ್ಮ ಮನೆಯಲ್ಲಿ ಯಾರಿಗಾದರೂ ಎಲುಬು ಮುರಿದಿದ್ದರೆ ಪ್ರತಿ ಎಕ್ಸ್‌ರೇ, ಪ್ರತಿ ಚೀಟಿ ತಾರೀಖಿನ ಪ್ರಕಾರ ಇಟ್ಟುಕೊಳ್ಳಿ. ಮೊಬೈಲಿನಲ್ಲಿ ಫೋಟೊ ತೆಗೆದಿಡಿ. ಪ್ರತಿ ಸಲ ಡಾಕ್ಟರಿಗೆ ಕೇಳಿ: “ಕೂಡಾಕತ್ತೈತೇನ್ರಿ? ಅದನ್ನ ಚೀಟ್ಯಾಗ ಬರೀರಿ.” ನಂಬರ್ ನಮಗೆ ಗೊತ್ತಿರಬೇಕಿಲ್ಲ. ಆ ಸಾಲು ಇರಬೇಕು.

ತಪ್ಪು ಆಸ್ಪತ್ರೆಯದಷ್ಟೇ ಅಲ್ಲ. ನಾವು ಬರೆದದ್ದೂ ಮೊದಲ ದಿನದ ಸುದ್ದಿ ಮಾತ್ರ. ಗುದ್ದಿದ್ದು ಬರೆದೆವು, ಮುರಿದದ್ದು ಬರೆದೆವು. ಆಮೇಲೆ ಆ ಮನುಷ್ಯ ಎದ್ದನೋ ಇಲ್ಲವೋ ಅಂತ ಒಬ್ಬರ ಮನೆಗೂ ಹೋಗಿ ಕೇಳಲಿಲ್ಲ. ಕಾಕಾ ನಮ್ಮವನಾಗಿರದಿದ್ದರೆ ಅವನನ್ನೂ ಕೇಳುತ್ತಿರಲಿಲ್ಲ.

ಮೊನ್ನೆ ಹಳೆಯ ನೋಟ್‌ಬುಕ್ ತೆಗೆದು, ತೊಡೆ ಮುರಿದವರ ನಂಬರ್ ಹುಡುಕಿ ಫೋನು ಹಚ್ಚಲು ಶುರು ಮಾಡಿದೆವು. ಮೊದಲು ಸಿಕ್ಕವನು ಮಸ್ಕಿ ಕಡೆಯ ಒಬ್ಬ ಟ್ರ್ಯಾಕ್ಟರ್ ಡ್ರೈವರ್. ಬಿದ್ದು ಆರು ತಿಂಗಳಾಗಿತ್ತು.

“ಇನ್ನಾ ಕೂಡಿಲ್ರಿ” ಎಂದ.

“ಚೀಟ್ಯಾಗ ಹಂಗಂತ ಬರದಾರೇನು?” ಎಂದು ಕೇಳಿದೆವು.

“ತಡೀರಿ, ನೋಡ್ತೀನಿ” ಎಂದು ಕಾಗದ ಹುಡುಕಲು ಹೋದ.