ಮೇಜು ಬದಲಾಗುವ ಹೊತ್ತು

ಒಂದು ಆಟವನ್ನು ಬಿಟ್ಟು ಇನ್ನೊಂದಕ್ಕೆ ತೊಡಗುವುದರಲ್ಲಿ ಬರೆಯುವಂತಹ ಸಂಗತಿಯೇನಿದೆ ಎಂದು ಓದುಗರು ಕೇಳಬಹುದು. ಜಗಲಿಯಲ್ಲಿ ಕುಳಿತು ಆಡುವವರ ಮಟ್ಟಿಗೆ ಏನೂ ಇಲ್ಲವೆಂಬುದು ನಿಜ. ಅವರು ಕಾಯಿಗಳನ್ನು ಡಬ್ಬಿಗೆ ತುಂಬುತ್ತಾರೆ, ಸೀಮೆಸುಣ್ಣದ ಗೆರೆಗಳನ್ನು ಒರೆಸುತ್ತಾರೆ, ಯಾರೋ ಚಹಾ ತರುತ್ತಾರೆ, ಮುಂದಿನ ಆಟ ಆರಂಭವಾಗುತ್ತದೆ. ಆದರೆ ಒಂದೇ ಮನೆಯ ಮಕ್ಕಳು ಮೂರು ದೇಶಗಳಲ್ಲಿ ಚದುರಿಹೋಗಿ, ಪರದೆಯ ಮೇಲಿನ ಮೇಜೊಂದರ ಸುತ್ತ ವಾರಕ್ಕೊಮ್ಮೆ ಕೂಡುವಾಗ ಈ ಬದಲಾವಣೆ ಅಷ್ಟು ಸರಳವಾಗಿ ಉಳಿಯುವುದಿಲ್ಲ. ಯಾರನ್ನು ಕಾಯಬೇಕು, ಯಾರ ಇಚ್ಛೆ ನಡೆಯಬೇಕು, ಯಾರನ್ನು ಹಿಂದೆ ಬಿಟ್ಟರೂ ಚಿಂತೆಯಿಲ್ಲ ಎಂಬ ಪ್ರಶ್ನೆಗಳೆಲ್ಲ ಆ ಕೆಲವು ನಿಮಿಷಗಳಲ್ಲೇ ತಲೆಯೆತ್ತುತ್ತವೆ.

ನಾವು ನಾಲ್ವರು ಒಡಹುಟ್ಟಿದವರು. ಬಡೇಭಾಯಿ ಸೌದಿಯ ದಮಾಮ್‌ನಲ್ಲಿದ್ದಾರೆ. ಅವರ ನಂತರದವನು ದುಬೈಯಲ್ಲಿ, ಎಲ್ಲರಿಗಿಂತ ಕಿರಿಯವನು ಬೆಂಗಳೂರಿನಲ್ಲಿ. ಆಪಾ ಹಾಸನ ಜಿಲ್ಲೆಯ ನಮ್ಮ ಹಳೆಯ ಮನೆಯಲ್ಲೇ ದಾದಿಯ ಜೊತೆಗಿದ್ದಾಳೆ. ಐವರೂ ಒಟ್ಟಿಗೆ ಕೂಡುವ ದಿನವನ್ನು ಹುಡುಕುವುದೇ ಮೊದಲ ಕಷ್ಟವಾಗಿತ್ತು. ಸೌದಿಯಲ್ಲಿ ಶುಕ್ರವಾರ ಮತ್ತು ಶನಿವಾರ ರಜೆ. ಯು.ಎ.ಇ.ಯಲ್ಲಿ 2022ರ ಜನವರಿಯಿಂದ ಸರಕಾರಿ ಕಚೇರಿಗಳ ವಾರದ ರಜೆ ಶನಿವಾರ ಮತ್ತು ಭಾನುವಾರಕ್ಕೆ ಸರಿಯಿತು. ನಮ್ಮವನು ದುಡಿಯುವ ಕಚೇರಿಯೂ ಅದನ್ನೇ ಅನುಸರಿಸಿತು. ಮೂರು ದೇಶಗಳ ರಜೆಗಳು ಒಂದರ ಮೇಲೊಂದು ಬಂದು ಕೂರುವ ದಿನ ಶನಿವಾರ ಮಾತ್ರ. ಹಾಸನದಲ್ಲಿ ರಾತ್ರಿ 9 ಗಂಟೆಯಾದರೆ ದುಬೈಯಲ್ಲಿ 7.30, ದಮಾಮ್‌ನಲ್ಲಿ 6.30. ಇದೇ ನಮ್ಮ ಸಮಯವೆಂದು ನಿಶ್ಚಯವಾಯಿತು.

ನಾವು ಬಳಸುವ ತಂತ್ರಾಂಶದ ಹೆಸರು ಟೇಬಲ್‌ಟಾಪ್ ಸಿಮ್ಯುಲೇಟರ್. ಬರ್ಸರ್ಕ್ ಗೇಮ್ಸ್ ಎಂಬ ಸಂಸ್ಥೆ ಅದನ್ನು 2015ರಲ್ಲಿ ಪೂರ್ಣರೂಪದಲ್ಲಿ ಬಿಡುಗಡೆ ಮಾಡಿತು. ಹೆಸರೇ ಹೇಳುವಂತೆ ಅದೊಂದು ಮೇಜು, ಅಷ್ಟೇ. ಆಟದ ನಿಯಮಗಳನ್ನು ಅದು ಬಲ್ಲದಲ್ಲ. ಚದುರಂಗದ ಆನೆಯನ್ನು ಓರೆಯಾಗಿ ನಡೆಸಿದರೂ ಅದು ತಡೆಯುವುದಿಲ್ಲ. ಎಲೆಗಳನ್ನು ನೆಲಕ್ಕೆ ಚೆಲ್ಲಿದರೆ ಚೆಲ್ಲಿಸಿಕೊಳ್ಳುತ್ತದೆ. ಸಿಟ್ಟು ಬಂದವರಿಗಾಗಿ ಮೇಜನ್ನೇ ಮಗುಚಿಹಾಕುವ ಗುಂಡಿಯೊಂದೂ ಇದೆ, ಅದನ್ನು ಕಂಡುಹಿಡಿದ ಮಕ್ಕಳ ಕೈಯಿಂದ ಮೇಜನ್ನು ಕಾಪಾಡುವುದೇ ಒಂದು ಕೆಲಸ. ಬೋರ್ಡ್ ಗೇಮ್ ಅರೇನಾದಂತಹ ತಾಣಗಳಲ್ಲಿ ನಿಯಮವನ್ನು ಯಂತ್ರವೇ ಕಾಯುತ್ತದೆ, ತಪ್ಪು ನಡೆಯನ್ನು ಇಡಲು ಬಿಡುವುದೇ ಇಲ್ಲ. ಅಲ್ಲಿ ಆಡುವುದು ಸುಲಭ. ಆದರೆ ನಮಗೆ ಬೇಕಾಗಿದ್ದುದು ಕೈಯಾಡಿಸಲು ಒಂದು ಮೇಜು, ನ್ಯಾಯಾಧೀಶನಲ್ಲ.

ಈ ಮೇಜಿನಲ್ಲಿ ಆಟವನ್ನು ಬದಲಾಯಿಸುವ ಅಧಿಕಾರ ಆತಿಥೇಯನದ್ದು, ಅಂದರೆ ಯಾರ ಗಣಕಯಂತ್ರದಲ್ಲಿ ಕೋಣೆ ತೆರೆಯಲ್ಪಟ್ಟಿದೆಯೋ ಅವನದ್ದು. ಮೇಲಿನ ಪಟ್ಟಿಯಲ್ಲಿ ಆಟಗಳ ಗುಂಡಿಯನ್ನು ಒತ್ತಿ ಹೊಸದೊಂದನ್ನು ಆರಿಸಿದ ಕ್ಷಣವೇ, ಇದ್ದುದೆಲ್ಲ ಎಲ್ಲರ ಕಣ್ಣೆದುರಿನಿಂದ ಮಾಯವಾಗಿ ಹೊಸ ಮೇಜು ಹಾಸಿಕೊಳ್ಳುತ್ತದೆ. ಇತರರ ಒಪ್ಪಿಗೆಯನ್ನು ಯಂತ್ರ ಕೇಳುವುದಿಲ್ಲ. ಇಂತಹ ಬೇರೆ ತಂತ್ರಾಂಶಗಳ ಸ್ವಭಾವ ಬೇರೆ. ಯುದ್ಧದ ಮಣೆಯಾಟಗಳಿಗಾಗಿ ಹುಟ್ಟಿದ ಹಳೆಯ ವ್ಯಾಸಲ್‌ನಲ್ಲಿ ಪ್ರತಿಯೊಂದು ಆಟವೂ ಪ್ರತ್ಯೇಕ ಕಡತವಾಗಿ ತನ್ನದೇ ಕಿಟಕಿಯಲ್ಲಿ ತೆರೆದುಕೊಳ್ಳುತ್ತದೆ. 2020ರಲ್ಲಿ ಬಂದ ಫೌಂಡ್ರಿಯಲ್ಲಿ ಪ್ರತಿಯೊಂದು ಕಥೆಯಾಟವೂ ಒಂದು ‘ಲೋಕ’. ಒಂದು ಲೋಕವನ್ನು ಮುಚ್ಚಿ ಹೊರಬಂದಲ್ಲದೆ ಇನ್ನೊಂದಕ್ಕೆ ಪ್ರವೇಶವಿಲ್ಲ. ಅದೊಂದು ಒಳ್ಳೆಯ ಕ್ರಮವೆಂದು ನಮಗೆ ಅನೇಕ ಸಲ ಅನಿಸಿದೆ. ಬಾಗಿಲು ದಾಟುವಾಗ ಮನುಷ್ಯ ಒಂದು ಕ್ಷಣವಾದರೂ ನಿಲ್ಲುತ್ತಾನೆ.

ಹೊಸ ಆಟವೊಂದು ಬಂದಾಗ ಅದರ ಎಲ್ಲ ಚಿತ್ರಗಳನ್ನೂ ಪ್ರತಿಯೊಬ್ಬರ ಯಂತ್ರ ತಾನೇ ಇಳಿಸಿಕೊಳ್ಳಬೇಕು. ಎಷ್ಟು ಇಳಿದಿದೆಯೆಂಬುದು ಅವರವರ ಹೆಸರಿನ ಬಳಿ ಶೇಕಡಾ ಲೆಕ್ಕದಲ್ಲಿ ಕಾಣಿಸುತ್ತದೆ. ಬೆಂಗಳೂರಿನವನದು ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ನೂರನ್ನು ಮುಟ್ಟಿರುತ್ತದೆ. ದಮಾಮ್‌ನ ಬಡೇಭಾಯಿಯ ಹೆಸರಿನ ಬಳಿ 14, 15, ಮತ್ತೆ 15. ಅವರು ವಾಸಿಸುವ ಕಟ್ಟಡದಲ್ಲಿ ಒಂದೇ ಅಂತರ್ಜಾಲ ಸಂಪರ್ಕವನ್ನು ಹತ್ತಾರು ಮಂದಿ ಹಂಚಿಕೊಳ್ಳುತ್ತಾರೆ. ಸಂಜೆಯಾಯಿತೆಂದರೆ ಅಲ್ಲಿ ಎಲ್ಲರೂ ತಂತಮ್ಮ ಮನೆಗೆ ಕರೆ ಮಾಡುವ ಹೊತ್ತು. ಅವರಿಗಾಗಿ ಕಾಯುವಾಗ ಯಾರೂ ಏನೂ ಹೇಳುವುದಿಲ್ಲ. ಆದರೆ ಕಾಯಿಸುತ್ತಿರುವವನಿಗೆ ಆ ಮೌನವೂ ಕೇಳಿಸುತ್ತದೆ ಅಲ್ಲವೇ? “ನೀವು ಆಡಿಕೊಳ್ಳಿ, ನನಗೆ ಬೆಳಿಗ್ಗೆ ಬೇಗ ಏಳಬೇಕು” ಎಂದು ಅವರು ಹೊರಟುಬಿಡತೊಡಗಿದರು. ಸತತ ಮೂರು ಶನಿವಾರ ಹಾಗಾದ ಮೇಲೆ ಆಪಾ ಒಂದು ಕ್ರಮವನ್ನು ತಂದಳು. ಮುಂದಿನ ವಾರದ ಆಟ ಯಾವುದೆಂಬುದು ಗುರುವಾರದೊಳಗೆ ಗೊತ್ತಾಗಬೇಕು. ಶುಕ್ರವಾರ ಬೆಳಗಿನ ಜಾವ ಕಟ್ಟಡ ನಿದ್ರಿಸುತ್ತಿರುವಾಗ ಬಡೇಭಾಯಿ ಆ ಆಟವನ್ನು ಒಬ್ಬರೇ ಒಮ್ಮೆ ತೆರೆದಿಟ್ಟರೆ ಚಿತ್ರಗಳು ಅವರ ಯಂತ್ರದಲ್ಲಿ ಉಳಿದುಕೊಳ್ಳುತ್ತವೆ. ಶನಿವಾರ ಮತ್ತೆ ಇಳಿಸಬೇಕಾಗಿಲ್ಲ. ಈಗ ಅವರೇ ಕೆಲವೊಮ್ಮೆ ಬೆಂಗಳೂರಿನವನಿಗಿಂತ ಮೊದಲು ನೂರನ್ನು ಮುಟ್ಟಿ, ಅದನ್ನು ಸಣ್ಣ ಧ್ವನಿಯಲ್ಲಿ ಪ್ರಕಟಿಸುವುದುಂಟು.

ಅರ್ಧಕ್ಕೆ ನಿಂತ ಆಟದ ವಿಚಾರವೂ ಇದೆ. ಮೇಜನ್ನು ಬದಲಾಯಿಸುವ ಮೊದಲು ಇದ್ದ ಸ್ಥಿತಿಯನ್ನು ಕಡತವಾಗಿ ಉಳಿಸಬಹುದು. ಯಾವ ಕಾಯಿ ಎಲ್ಲಿತ್ತು, ಯಾವ ಎಲೆ ಮಗುಚಿತ್ತು, ಯಾವ ಬಣ್ಣದ ಆಸನದವರ ಕೈಯಲ್ಲಿ ಏನಿತ್ತು ಎಂಬುದೆಲ್ಲ ಕೂದಲೆಳೆಯಷ್ಟೂ ವ್ಯತ್ಯಾಸವಿಲ್ಲದೆ ಮರಳಿ ಬರುತ್ತದೆ. ಕೈಯೆಲೆಗಳು ವ್ಯಕ್ತಿಗಲ್ಲ, ಬಣ್ಣಕ್ಕೆ ಅಂಟಿಕೊಂಡಿರುವುದರಿಂದ ಪ್ರತಿಯೊಬ್ಬರೂ ತಮ್ಮ ಬಣ್ಣದಲ್ಲೇ ಕೂರಬೇಕು, ಇಲ್ಲವಾದರೆ ಇನ್ನೊಬ್ಬರ ಗುಟ್ಟು ಇವರ ಕೈ ಸೇರುತ್ತದೆ. ದಾದಿಯದು ಹಸಿರು. ಅವರು ಆಡದ ದಿನವೂ ಆ ಆಸನದಲ್ಲಿ ಯಾರೂ ಕೂರುವುದಿಲ್ಲ. ಆದರೆ ಕಡತದಲ್ಲಿ ಉಳಿಯದ ವಸ್ತುಗಳೂ ಇವೆ. “ಈ ಸಲ ಬಿಡು, ಮುಂದಿನ ಸಲ ನಿನ್ನ ಕಾಯಿಯನ್ನು ನಾನು ಮುಟ್ಟುವುದಿಲ್ಲ” ಎಂಬ ಮಾತನ್ನು ಯಾವ ಯಂತ್ರ ನೆನಪಿಟ್ಟುಕೊಂಡೀತು? ಅದಕ್ಕಾಗಿ ಮೇಜಿನ ಟಿಪ್ಪಣಿ ಹಾಳೆಯಲ್ಲಿ ಬರೆದಿಡುತ್ತೇವೆ. ಕೊಟ್ಟ ಮಾತು ಬರೆದ ಮೇಲೆ ಸ್ವಲ್ಪ ಬಿಗಿಯಾಗಿ ನಿಲ್ಲುತ್ತದೆ.

ಬದಲಾಯಿಸೋಣವೆಂಬ ಪ್ರಸ್ತಾಪ ಯಾರ ಬಾಯಿಂದ ಬರುತ್ತದೆಂಬುದನ್ನು ಗಮನಿಸಿದರೆ ಸ್ವಾರಸ್ಯವಿದೆ. ಹತ್ತಕ್ಕೆ ಒಂಬತ್ತು ಸಲ ಅದು ಸೋಲುತ್ತಿರುವವನಿಂದಲೇ ಬರುತ್ತದೆ. ಆದುದರಿಂದ ನಮ್ಮಲ್ಲಿ ಒಂದು ನಿಯಮವಿದೆ: ಕೊನೆಯ ಸ್ಥಾನದಲ್ಲಿರುವವನು ಆ ಮಾತನ್ನು ಎತ್ತುವಂತಿಲ್ಲ, ಮುಂದಿರುವವನು ಎತ್ತಿದರೆ ಉಳಿದವರು ಬೇಡವೆನ್ನುವಂತಿಲ್ಲ. ಇನ್ನೊಂದು ನಿಯಮ ಸ್ವಲ್ಪ ವಾದಕ್ಕೆ ಎಡೆಯಾಯಿತು. ಪೆಟ್ಟಿಗೆಯಲ್ಲಿ ಹಣಕ್ಕೆ ಮಾರಾಟವಾಗುವ ಎಷ್ಟೋ ಆಟಗಳನ್ನು ಯಾರೋ ಅಭಿಮಾನಿಗಳು ಸ್ಕ್ಯಾನ್ ಮಾಡಿ ಹಂಚಿಕೆಯ ಸಂಗ್ರಹದಲ್ಲಿ ಹಾಕಿರುತ್ತಾರೆ. ಕರ್ತೃವಿನ ಅನುಮತಿ ಇದೆಯೇ ಇಲ್ಲವೇ ಎಂಬುದು ಬಹಳಷ್ಟು ಸಲ ತಿಳಿಯುವುದಿಲ್ಲ. ಒಬ್ಬನ ದುಡಿಮೆಯನ್ನು ಹೀಗೆ ಪುಕ್ಕಟೆಯಾಗಿ ತೆಗೆದುಕೊಳ್ಳುವುದು ನಮಗೆ ಸರಿಕಾಣಲಿಲ್ಲ. ನಮ್ಮಲ್ಲಿ ಒಬ್ಬರ ಮನೆಯಲ್ಲಾದರೂ ಆ ಪೆಟ್ಟಿಗೆ ಇರಬೇಕು, ಅಥವಾ ತಂತ್ರಾಂಶದಲ್ಲೇ ಅಧಿಕೃತವಾಗಿ ಹಣಕ್ಕೆ ಸಿಗುವ ಆವೃತ್ತಿಯನ್ನು ಕೊಳ್ಳಬೇಕು. ಸೈಥ್, ವಿಂಗ್‌ಸ್ಪ್ಯಾನ್ ಮುಂತಾದವು ಹಾಗೆ ಸಿಗುತ್ತವೆ. ಆತಿಥೇಯನೊಬ್ಬ ಕೊಂಡರೆ ಮೇಜಿನಲ್ಲಿರುವ ಎಲ್ಲರಿಗೂ ಆಡಲು ಬರುತ್ತದೆ.

ಇದೆಲ್ಲವೂ ವ್ಯವಸ್ಥೆಯ ಮಾತು. ದಾದಿಯ ವಿಚಾರ ಬೇರೆ.

ದಾದಿಗೆ ಬರುವ ಆಟ ಒಂದೇ, ಚೌಕಾಬಾರ. ಇಪ್ಪತ್ತೈದು ಮನೆಗಳ ಚೌಕ, ಒಬ್ಬೊಬ್ಬರಿಗೆ ನಾಲ್ಕು ಕಾಯಿ. ನಾವು ಚಿಕ್ಕವರಿದ್ದಾಗ ಅವರು ಇದ್ದಿಲಿನಿಂದ ನೆಲದ ಮೇಲೆ ಗೆರೆ ಎಳೆಯುತ್ತಿದ್ದರು. ಕವಡೆಯ ಬದಲು ಒಂದು ಬದಿ ತೇದು ಬಿಳಿಮಾಡಿದ ಹುಣಸೆಬೀಜ, ಕಾಯಿಗಳಿಗೆ ಬಳೆಚೂರು. ಪಣವೆಂದರೆ ಕಡಲೆಕಾಯಿಯನ್ನೂ ಇಡಲು ಬಿಟ್ಟವರಲ್ಲ. ಆಟ ಮುಗಿದ ಮೇಲೆ ಹದಿನಾರು ಕಾಯಿ, ನಾಲ್ಕು ಬೀಜ ಎಣಿಸಿ ಒಪ್ಪಿಸಿದ ನಂತರವೇ ನಮಗೆ ಊಟ. ಟೇಬಲ್‌ಟಾಪ್ ಸಿಮ್ಯುಲೇಟರ್‌ನೊಂದಿಗೆ ಬರುವ ಹಳೆಯ ಆಟಗಳ ಪಟ್ಟಿಯಲ್ಲಿ ಪಚೀಸಿ ಇದೆ, ಚೌಕಾಬಾರ ಇಲ್ಲ. ಬೆಂಗಳೂರಿನವನು ಮಣೆಯ ಚಿತ್ರವನ್ನು ತಾನೇ ಬರೆದನು. ಅದನ್ನಿಟ್ಟಿದ್ದ ಉಚಿತ ಚಿತ್ರತಾಣವೊಂದು ಹಳೆಯ ಚಿತ್ರಗಳನ್ನು ಅಳಿಸಿಹಾಕಿದಾಗ ಒಂದು ಶನಿವಾರ ಮೇಜಿನ ಮೇಲೆ ಬರಿಯ ಬಿಳಿಯ ಹಲಗೆ ಬಂದು ನಿಂತಿತು. ಅಂದಿನಿಂದ ಚಿತ್ರವನ್ನು ಸ್ಟೀಮ್‌ನ ನಮ್ಮದೇ ಖಾತೆಯಲ್ಲಿ ಇಟ್ಟಿದ್ದೇವೆ. ಬೀಜಗಳಿಗೆ ರಿವರ್ಸಿ ಆಟದ ಬಿಲ್ಲೆಗಳು ಸರಿಹೊಂದಿದವು, ಅವಕ್ಕೂ ಒಂದು ಬದಿ ಕಪ್ಪು, ಒಂದು ಬದಿ ಬಿಳಿ. ಆಪಾ ತನ್ನ ಗಣಕಯಂತ್ರವನ್ನು ಟಿ.ವಿ.ಗೆ ಜೋಡಿಸುತ್ತಾಳೆ, ದಾದಿ ಕುರ್ಚಿಯಲ್ಲಿ ಕುಳಿತು ಹೇಳುತ್ತಾರೆ, ಆಪಾ ಕಾಯಿಯನ್ನು ನಡೆಸುತ್ತಾಳೆ.

ಎರಡು ವರ್ಷಗಳಿಂದ ದಾದಿಗೆ ಮರೆವಿನ ಕಾಯಿಲೆ. ನಮ್ಮ ಹೆಸರುಗಳು ಅದಲುಬದಲಾಗುತ್ತವೆ. ಊಟವಾಗಿದೆಯೇ ಇಲ್ಲವೇ ಎಂಬುದು ನೆನಪಿರುವುದಿಲ್ಲ. ಆಶ್ಚರ್ಯವೆಂದರೆ ಚೌಕಾಬಾರದ ಲೆಕ್ಕ ಇನ್ನೂ ಕೈತಪ್ಪಿಲ್ಲ. ಎದುರಾಳಿಯ ಒಂದು ಕಾಯಿಯನ್ನಾದರೂ ಕಡಿಯದೆ ಒಳಸುತ್ತಿಗೆ ಪ್ರವೇಶವಿಲ್ಲವೆಂಬುದನ್ನು ಅವರೇ ನಮಗೆ ನೆನಪಿಸುತ್ತಾರೆ. ಅವರನ್ನು ಕಂಗೆಡಿಸುವುದು ಆಟವಲ್ಲ, ಆಟದ ಬದಲಾವಣೆ. ಚೌಕಾಬಾರ ಮುಗಿದು ಬೇರೆ ಮೇಜು ಬಂದ ಒಂದು ರಾತ್ರಿ ಅವರು ಟಿ.ವಿ.ಯನ್ನು ಬಹಳ ಹೊತ್ತು ದಿಟ್ಟಿಸಿ, ಆಪಾಳ ಕೈ ಹಿಡಿದು, “ಇದು ಯಾರ ಮನೆ ಮಗಳೇ? ಕತ್ತಲಾಗಿಹೋಯಿತು, ನನ್ನನ್ನು ನಮ್ಮ ಮನೆಗೆ ಬಿಟ್ಟುಬಾ” ಎಂದರು. ಅರುವತ್ತು ವರ್ಷ ಬಾಳಿದ ಮನೆಯಲ್ಲಿ ಕುಳಿತು ಅವರು ಮನೆಗೆ ಹೋಗಬೇಕೆಂದು ಅತ್ತರು. ಆಪಾ ನಡುರಾತ್ರಿಯವರೆಗೆ ಅವರನ್ನು ಅಂಗಳದಲ್ಲಿ ನಡೆಸಿ ಮರಳಿ ಒಳಗೆ ಕರೆತಂದಳು.

ಚೌಕಾಬಾರವನ್ನು ಕೊನೆಗೆ ಇಟ್ಟರೆ ಅಷ್ಟು ಹೊತ್ತು ದಾದಿ ಎಚ್ಚರವಿರಲಾರರು. ಮೊದಲಿಗೆ ಇಟ್ಟು ಅವರನ್ನು ಮಲಗಿಸೋಣವೆಂದರೆ, ಮೊಮ್ಮಕ್ಕಳ ಧ್ವನಿ ಕೇಳುತ್ತಿರುವಾಗ ಅವರು ಮಲಗುವುದಿಲ್ಲ. ದುಬೈಯಲ್ಲಿರುವವನು ಒಮ್ಮೆ, ನಾವು ಆಡುವುದಕ್ಕಾಗಿ ಕೂಡುತ್ತಿದ್ದೇವೆಯೋ ದಾದಿಗಾಗಿ ಕೂಡುತ್ತಿದ್ದೇವೆಯೋ ಎಂದು ನೇರವಾಗಿ ಕೇಳಿದನು. ಅದು ಕಠಿಣವಾಗಿ ಕೇಳಿಸಿದರೂ ಪ್ರಾಮಾಣಿಕವಾದ ಪ್ರಶ್ನೆಯಾಗಿತ್ತು. ಅವನಿಗೂ ವಾರದ ದುಡಿಮೆಯ ದಣಿವಿನ ನಡುವೆ ಇರುವುದು ಈ ಎರಡು ಗಂಟೆ ಮಾತ್ರ. ಉತ್ತರವನ್ನು ನಾವು ಈವರೆಗೂ ಪೂರ್ತಿಯಾಗಿ ಹೇಳಿಲ್ಲ.

ದಾರಿ ದೊರೆತುದು ಆ ರಿವರ್ಸಿ ಬಿಲ್ಲೆಗಳಿಂದಲೇ. ಅವುಗಳನ್ನು ರಿವರ್ಸಿಯ ಮೇಜಿನಿಂದ ನಮ್ಮ ಮೇಜಿಗೆ ತಂದುದು ಹೇಗೆಂದರೆ, ಬೇಕಾದ ವಸ್ತುಗಳನ್ನಷ್ಟೇ ಆರಿಸಿ ಪ್ರತ್ಯೇಕವಾಗಿ ಉಳಿಸಿಡುವ ಸೌಲಭ್ಯವಿದೆ. ಅವುಗಳನ್ನು ಮತ್ತೆ ಯಾವ ಮೇಜಿನ ಮೇಲಾದರೂ ಇರುವುದನ್ನು ಅಳಿಸದೆ ಇಳಿಸಬಹುದು. ಹಾಗಿದ್ದ ಮೇಲೆ ದಾದಿಯ ಮೇಜನ್ನು ಬದಲಾಯಿಸುವ ಅಗತ್ಯವೇನು? ಚೌಕಾಬಾರದ ಮಣೆಯನ್ನು ಅವರ ಹಸಿರು ಆಸನದ ಮುಂದೆ ಬೀಗ ಹಾಕಿ ಕದಲದಂತೆ ಇರಿಸಿದೆವು. ಬೇರೆ ಆಟಗಳೆಲ್ಲ ಕಟ್ಟುಕಟ್ಟಾಗಿ ಅದೇ ಮೇಜಿನ ಇನ್ನೊಂದು ಭಾಗಕ್ಕೆ ಬರುತ್ತವೆ, ಮುಗಿದಾಗ ಹೋಗುತ್ತವೆ. ಆಪಾಳ ಪರದೆಯ ನೋಟ ಮಾತ್ರ ದಾದಿಯ ಮಣೆಯ ಕಡೆಗೇ ತಿರುಗಿರುತ್ತದೆ.

ಇದಕ್ಕೆ ಬೆಲೆಯೂ ತೆರಬೇಕಾಯಿತು. ನೂರಾರು ತುಂಡುಗಳಿರುವ ದೊಡ್ಡ ಆಟಗಳು ಆ ಅರ್ಧ ಮೇಜಿನಲ್ಲಿ ಹಿಡಿಸುವುದಿಲ್ಲ. ಬೆಂಗಳೂರಿನವನು ಹಣ ಕೊಟ್ಟು ಕೊಂಡ ಸೈಥ್ ತಿಂಗಳುಗಳಿಂದ ಹಾಗೆಯೇ ಬಿದ್ದಿದೆ, ಅವನು ಅದನ್ನು ಪ್ರತಿ ವಾರವೂ ನೆನಪಿಸುತ್ತಾನೆ. ನಾವು ಈಗ ಡಾಮಿನೋ, ಚದುರಂಗ, ಎಲೆಯಾಟಗಳಂತಹ ಸಣ್ಣ ಆಟಗಳಲ್ಲೇ ಸುತ್ತುತ್ತಿದ್ದೇವೆ.

ಕಳೆದ ಶನಿವಾರ ನಾವು ಡಾಮಿನೋದಲ್ಲಿ ತೊಡಗಿದ್ದಾಗ ದಾದಿ ಇದ್ದಕ್ಕಿದ್ದಂತೆ “ಬಾರಾ!” ಎಂದು ಕೂಗಿದರು. ನಾಲ್ಕೂ ಬಿಲ್ಲೆಗಳು ಕಪ್ಪಾಗಿ ಬಿದ್ದರೆ ಮಾತ್ರ ಬಾರಾ, ಎಂಟು ಮನೆ. ಬಿದ್ದಿದ್ದುದು ಮೂರು ಬಿಳಿ, ಒಂದು ಕಪ್ಪು. ಆಪಾ ಎಂಟು ಮನೆ ನಡೆಸಿದಳು, ಬಡೇಭಾಯಿಯ ಕಾಯಿ ಕಡಿದುಹೋಯಿತು. ನಮ್ಮಲ್ಲಿ ನಿಯಮಕ್ಕಾಗಿ ಅತಿ ಹೆಚ್ಚು ಜಗಳವಾಡುವವರು ಅವರೇ. ಅವರು ತಮ್ಮ ಕಾಯಿಯನ್ನು ಎತ್ತಿ ಆರಂಭದ ಮನೆಯಲ್ಲಿಟ್ಟು, ಬಾರಾ ಬಿದ್ದವರಿಗೆ ಇನ್ನೊಂದು ಸಲ ಎಸೆಯುವ ಹಕ್ಕಿದೆ ಎಂದು ದಾದಿಗೆ ನೆನಪಿಸಿದರು.