ನಾಟಿಯಾದ ಆಟಗಳು

ಸಸಿಮಡಿಯಿಂದ ಕಿತ್ತ ಭತ್ತದ ಅಗೆಯ ಬೇರಿಗಂಟಿದ ಮಣ್ಣನ್ನು ನಮ್ಮಲ್ಲಿ ನೀರಲ್ಲಿ ಜಾಲಿಸಿ ತೊಳೆಯುತ್ತಾರೆ. ನೆಟ್ಟ ಮೇಲೆ ಕೆಲವು ದಿನ ಅದು ಹಳದಿಗಟ್ಟಿ ಸೊರಗುತ್ತದೆ. ಆಮೇಲೆ ಒಂದು ಬೆಳಿಗ್ಗೆ ನೋಡಿದರೆ ಹಸಿರಾಗಿ ನಿಂತಿರುತ್ತದೆ. ವಿಂಡೋಸ್‌ಗೆಂದು ಬರೆದ ಆಟವೊಂದು ಲಿನಕ್ಸ್‌ಗೆ ಪೋರ್ಟ್ ಆಯಿತು ಎಂದು ಕೇಳಿದಾಗಲೆಲ್ಲ ನನ್ನ ಕಣ್ಣಿಗೆ ಬರುವುದು ಈ ಅಗೆಯೇ. ಚಿತ್ರ ಬಿಡಿಸುವುದಕ್ಕೆ, ಸದ್ದು ಹೊರಡಿಸುವುದಕ್ಕೆ ಆ ಆಟ ವಿಂಡೋಸ್‌ನದೇ ಆದ ಡೈರೆಕ್ಟ್‌ಎಕ್ಸ್‌ನ ಮಣ್ಣಲ್ಲೇ ಬೇರು ಬಿಟ್ಟಿರುತ್ತದೆ. ಒಂದೊಂದೇ ಎಳೆ ಬಿಡಿಸಿ, ಹರಿಯದಂತೆ, ಬೇರೆ ಗದ್ದೆಗೆ ಊರಬೇಕು.

ಇದನ್ನೇ ಕಸುಬಾಗಿಸಿಕೊಂಡ ಕಂಪನಿಯೊಂದಿತ್ತು: ಲೋಕಿ ಸಾಫ್ಟ್‌ವೇರ್. 1998ರಲ್ಲಿ ಕ್ಯಾಲಿಫೋರ್ನಿಯಾದ ಟಸ್ಟಿನ್ ಊರಲ್ಲಿ ಸ್ಕಾಟ್ ಡ್ರೇಕರ್ ಅದನ್ನು ಕಟ್ಟಿದರು. ಮರುವರ್ಷ ‘ಸಿವಿಲೈಸೇಶನ್: ಕಾಲ್ ಟು ಪವರ್’, ಆಮೇಲೆ ‘ಸಿಮ್‌ಸಿಟಿ 3000’, ‘ಕ್ವೇಕ್ 3’. ಬೇರೆಯವರ ಆಟಗಳಿಗೆ ಹಕ್ಕು ಪಡೆದು, ನಾಟಿ ಮಾಡಿ, ಪೆಟ್ಟಿಗೆಯಲ್ಲಿಟ್ಟು ಮಾರಿದರು. ಆದರೆ ವಿಂಡೋಸ್ ಪ್ರತಿ ಮೊದಲೇ ಅಂಗಡಿಗೆ ಬಂದುಬಿಟ್ಟಿರುತ್ತಿತ್ತು. ಕಾಯುವ ತಾಳ್ಮೆ ಎಷ್ಟು ಜನರಿಗಿದ್ದೀತು? 2002ರ ಜನವರಿಯಲ್ಲಿ ಲೋಕಿ ಬಾಗಿಲು ಹಾಕಿತು.

ಆ ದಿನಗಳಲ್ಲಿ ನಾನು ಬೆಂಗಳೂರಿನ ಹಾಸ್ಟೆಲಿನಲ್ಲಿದ್ದೆ. ಪತ್ರಿಕೆಯ ಜೊತೆ ಬಂದ ಸೀಡಿಯಿಂದ ಲಿನಕ್ಸ್ ಹಾಕಿಕೊಂಡಿದ್ದೆ. ಅದನ್ನು ಗೆಳೆಯರಿಗೆ ಕಾಪಿ ಮಾಡಿಕೊಡುವುದು ನ್ಯಾಯವಾದದ್ದು, ಅದರ ಲೈಸೆನ್ಸೇ ಹಾಗೆ ಮಾಡಿ ಎನ್ನುತ್ತದೆ. ಅದೇ ಕೈಯಲ್ಲಿ, ಅದೇ ರೈಟರಿನಲ್ಲಿ, ಯಾರದೋ ಆಟವನ್ನೂ ಕಾಪಿ ಮಾಡಿ ಮಾರ್ಕರ್ ಪೆನ್ನಿನಲ್ಲಿ ಹೆಸರು ಬರೆದಿಟ್ಟುಕೊಳ್ಳುತ್ತಿದ್ದೆ. ಎರಡೂ ಒಂದೇ ಥರದ ಸೀಡಿ, ವ್ಯತ್ಯಾಸ ಹೊಳೆಯಲಿಲ್ಲ. ಇಂಗ್ಲಿಷಿನಲ್ಲಿ ‘ಫ್ರೀ’ ಎಂಬ ಒಂದೇ ಪದ ಎರಡು ಹೊರೆ ಹೊರುತ್ತದೆ, ಅದಕ್ಕೇ ಸ್ವತಂತ್ರ ಸಾಫ್ಟ್‌ವೇರ್ ಚಳವಳಿಯ ರಿಚರ್ಡ್ ಸ್ಟಾಲ್‌ಮನ್ ಅದನ್ನು ಮತ್ತೆ ಮತ್ತೆ ಬಿಡಿಸಿ ಹೇಳಬೇಕಾಯಿತು. ನಮಗೆ ಆ ಕಷ್ಟವೇ ಇಲ್ಲ. ಸ್ವತಂತ್ರ ಎಂದರೆ ಸ್ವತಂತ್ರ, ಬಿಟ್ಟಿ ಎಂದರೆ ಬಿಟ್ಟಿ. ಇಂಥ ಎರಡು ಪದ ಬಾಯಲ್ಲೇ ಇದ್ದೂ ನಾನು ಅವನ್ನು ಕಲಸಿಕೊಂಡಿದ್ದೆ. ಲೋಕಿಯ ಕಥೆ ಓದಿದಾಗ ಅದು ಚುಚ್ಚಿತು.

ಅದಕ್ಕೇ 2010ರ ಮೇ ತಿಂಗಳು ನನಗೆ ಅಷ್ಟು ಪ್ರಿಯ. ‘ಹಂಬಲ್ ಇಂಡೀ ಬಂಡಲ್’ ಎಂಬ ಗಂಟು ಬಂತು: ‘ವರ್ಲ್ಡ್ ಆಫ್ ಗೂ’, ‘ಅಕ್ವೇರಿಯಾ’, ‘ಲುಗಾರು’ ಮುಂತಾದ ಆಟಗಳು, ವಿಂಡೋಸ್, ಮ್ಯಾಕ್, ಲಿನಕ್ಸ್ ಮೂರರಲ್ಲೂ ಆಡಬಹುದು, ಕಾಪಿ ತಡೆಯುವ ಬೀಗವಿಲ್ಲ, ಬೆಲೆ ನೀವು ಹೇಳಿದ್ದು, ಒಂದು ಸೆಂಟ್ ಆದರೂ ಸರಿ. ಕೊನೆಗೆ ಲೆಕ್ಕ ನೋಡಿದರೆ ಸರಾಸರಿ ಎಲ್ಲರಿಗಿಂತ ಹೆಚ್ಚು ಕೊಟ್ಟವರು ಲಿನಕ್ಸ್ ಬಳಕೆದಾರರು. ಬಿಟ್ಟಿ ಬಯಸುವವರು ಎಂದು ಹೆಸರಾಗಿದ್ದವರು! ಕದ್ದವರೂ ಇದ್ದರು. ಇಳಿಸಿಕೊಂಡ ಪ್ರತಿಗಳಲ್ಲಿ ಸುಮಾರು ಕಾಲುಭಾಗ ದುಡ್ಡು ಕೊಡದವರದ್ದು ಎಂದು ಗಂಟು ಕಟ್ಟಿದವರೇ ಅಂದಾಜು ಮಾಡಿದರು. ಆದರೂ ಬೀಗ ಹಾಕಲಿಲ್ಲ. ಗಳಿಕೆ ಹತ್ತು ಲಕ್ಷ ಡಾಲರ್ ದಾಟಿದಾಗ ಕೆಲವು ಆಟಗಳ ಸೋರ್ಸ್ ಕೋಡನ್ನೇ ಬಿಚ್ಚಿಟ್ಟರು. ಆ ವಾರ ಅಣ್ಣನ ಕ್ರೆಡಿಟ್ ಕಾರ್ಡ್ ಇಸಕೊಂಡು ನಾನೂ ಕೊಟ್ಟೆ. ರಾತ್ರಿ ಗೂ ಚೆಂಡುಗಳನ್ನು ಒಂದರ ಮೇಲೊಂದು ಪೇರಿಸುತ್ತ, ಅವು ಕೀರಲು ದನಿಯಲ್ಲಿ ಕೂಗುತ್ತ ತೂಗಾಡುವುದನ್ನು ನೋಡುತ್ತ, ಎಷ್ಟೋ ಹೊತ್ತು ಕೂತಿದ್ದೆ.

ಲೋಕಿಯ ಸ್ಯಾಮ್ ಲಾಂಟಿಂಗಾ ಎಂಬ ಪ್ರೋಗ್ರಾಮರ್, ನಾಟಿ ಹಗುರಾಗಲೆಂದು ಎಸ್‌ಡಿಎಲ್ ಎಂಬ ಲೈಬ್ರರಿ ಬರೆದಿದ್ದರು. ಅದು ಮುಕ್ತವಾಗಿತ್ತು, ಆದ್ದರಿಂದ ಕಂಪನಿಯ ಜೊತೆ ಮುಳುಗಲಿಲ್ಲ. ಇಂದಿಗೂ ಲಿನಕ್ಸ್‌ಗೆ ಹೊಸ ಆಟ ಕೊಂಡಾಗ, ಆಡುವ ಮೊದಲು ಅದರ ಫೋಲ್ಡರ್ ತೆರೆದು ನೋಡುತ್ತೇನೆ. ಎಷ್ಟೋ ಸಲ ಎಸ್‌ಡಿಎಲ್ ಹೆಸರಿನ ಒಂದು ಪುಟ್ಟ ಫೈಲು ಅಲ್ಲಿ ಕೂತಿರುತ್ತದೆ.