ಮಳೆಯ ಲೆಕ್ಕ ಬರೆದವರು

ನಮ್ಮ ಚಳ್ಳಕೆರೆಯಲ್ಲಿ ವರ್ಷಕ್ಕೆ ಬೀಳುವ ಮಳೆ ಸುಮಾರು 450ರಿಂದ 500 ಮಿಲಿಮೀಟರ್. ಕಾಸರಗೋಡಿನಲ್ಲಿ 3,000ಕ್ಕೂ ಮೇಲು. ಆದರೂ ಬೇಸಿಗೆಯಲ್ಲಿ ಅಲ್ಲಿಯ ಬಾವಿಗಳೂ ಬತ್ತುತ್ತವೆ ಎಂದರೆ ಬಯಲುಸೀಮೆಯವರು ನಂಬುವುದು ಕಷ್ಟ. ನನ್ನನ್ನು ನಂಬಿಸಿದ್ದು ಶ್ರೀ ಪಡ್ರೆಯವರ ಬರಹ.

ಕಾಸರಗೋಡು ಜಿಲ್ಲೆಯ ಪೆರ್ಲದ ಬಳಿಯ ವಾಣೀನಗರದ ಕೃಷಿಕರು ಅವರು. ಹೆಸರು ಮಾಡಿದ್ದು ಕಥೆ, ಕಾದಂಬರಿಯಿಂದಲ್ಲ. ಕಂಡದ್ದನ್ನು, ಕೇಳಿ ವಿಚಾರಿಸಿದ್ದನ್ನು ಬರೆದು. ಅವರ ಊರಿನ ಸುತ್ತಲ ಗುಡ್ಡಗಳಲ್ಲಿ ಸರ್ಕಾರಿ ನಿಗಮದ ಗೇರುತೋಟಗಳಿದ್ದವು. ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ಕೀಟನಾಶಕವನ್ನು ಇಪ್ಪತ್ತಕ್ಕೂ ಹೆಚ್ಚು ವರ್ಷ ಸುರಿದರು. ಗಿಡಕ್ಕೆ ಬಿದ್ದದ್ದೇ ತೊರೆಗೂ, ಬಾವಿಗೂ ಬಿತ್ತು. ಕರುಗಳು ಕಾಲು ಸೊಟ್ಟಗಾಗಿ ಹುಟ್ಟುವುದನ್ನು ಕಂಡು ಪಡ್ರೆ 1979ರಲ್ಲೇ ಬರೆದರು. ಆಮೇಲೆ ಮನುಷ್ಯರ ಮಕ್ಕಳ ಸರದಿ. ಸುಪ್ರೀಂ ಕೋರ್ಟ್ ಆ ವಿಷವನ್ನು ದೇಶದಲ್ಲಿ ತಡೆದದ್ದು 2011ರಲ್ಲಿ. ನಡುವೆ 32 ವರ್ಷ! ಒಬ್ಬ ಗುಮಾಸ್ತ ಕೆಲಸಕ್ಕೆ ಸೇರಿ ನಿವೃತ್ತನಾಗುವಷ್ಟು ಕಾಲ. ಅಷ್ಟರಲ್ಲಿ ಎಷ್ಟು ಮನೆಗಳಲ್ಲಿ ಮಗು ಹಾಸಿಗೆಯಲ್ಲೇ ಬೆಳೆಯಿತೋ.

1988ರಲ್ಲಿ ಪುತ್ತೂರಿನಿಂದ 'ಅಡಿಕೆ ಪತ್ರಿಕೆ' ಶುರುವಾಯಿತು. ರೈತನೇ ಪೆನ್ನು ಹಿಡಿದು ತನ್ನ ಅನುಭವ ಬರೆಯಲಿ ಎಂಬುದು ಅದರ ಪದ್ಧತಿ. ನನಗೆ ಇದೇ ದೊಡ್ಡ ಕೆಲಸವೆನಿಸುತ್ತದೆ. ಪಡ್ರೆಯವರು ಹಲಸಿನ ಬಗ್ಗೆ ಬರೆದರು. ಬಾಳೆಕಾಯಿ ಹುಡಿಗೆ 'ಬಾಕಾಹು' ಎಂಬ ತಮಾಷೆಯ ಹೆಸರು ಹಬ್ಬಿಸಿದರು. ಎಲ್ಲಕ್ಕಿಂತ ಹೆಚ್ಚಾಗಿ ನೀರಿನ ಬಗ್ಗೆ ಬರೆದರು: ಗುಡ್ಡವನ್ನು ಅಡ್ಡಲಾಗಿ ಕೊರೆದು ಪಂಪಿಲ್ಲದೆ ನೀರು ಹರಿಸುವ ಸುರಂಗ, ತೋಡಿಗೆ ಕಟ್ಟುವ ಕಟ್ಟ, ಗುಡ್ಡದ ನೆತ್ತಿಯ ಮದಕ.

ನಾನು ಬ್ಯಾಂಕಿನಲ್ಲಿದ್ದಾಗ ಬೋರ್ ಸಾಲದ ಅರ್ಜಿಗಳು ಮೇಜಿನ ಮೇಲೆ ರಾಶಿ ಬೀಳುತ್ತಿದ್ದವು. ಒಂದು ಬೋರ್ ಫೇಲಾದರೆ ಇನ್ನೊಂದು. ನೆಲಕ್ಕೆ ನೀರು ಇಂಗಿಸಬೇಕು, ಸಾಲ ಕೊಡಿ ಸ್ವಾಮಿ ಅಂತ ಬಂದವರು ಒಬ್ಬರೂ ಇಲ್ಲ. ಕಟ್ಟದೆ ಬರೀ ತೆಗೆಯುತ್ತ ಹೋದರೆ ಯಾವ ಖಾತೆ ಉಳಿದೀತು?

ಮಕ್ಕಳೇ, ಒಂದು ಲೆಕ್ಕ ಮಾಡಿ. ಒಂದು ಚದರ ಮೀಟರ್ ಜಾಗದಲ್ಲಿ ಒಂದು ಮಿ.ಮೀ. ಮಳೆ ಬಿದ್ದರೆ ಸರಿಯಾಗಿ ಒಂದು ಲೀಟರ್ ನೀರು. ನಿಮ್ಮ ತಾರಸಿ 100 ಚದರ ಮೀಟರ್ ಇದ್ದರೆ, ನಮ್ಮೂರಿನ 450 ಮಿ.ಮೀ. ಮಳೆಗೆ 45,000 ಲೀಟರ್. ಚೆಲ್ಲಿದ್ದು, ಆರಿದ್ದು ಎಂದು ಐದರಲ್ಲೊಂದು ಪಾಲು ಕಳೆಯಿರಿ, 36,000. ಇಪ್ಪತ್ತು ಲೀಟರಿನ ಕ್ಯಾನಿನಲ್ಲಿ 1,800 ಕ್ಯಾನು! ಅದೇ ಕ್ಯಾನು ಹಿಡಿದು ನಾವು ನೀರಿನ ಘಟಕದ ಮುಂದೆ ಸಾಲು ನಿಲ್ಲುತ್ತೇವೆ.

ಮೊಮ್ಮಗಳು ಈ ಲೆಕ್ಕವನ್ನು ಎರಡು ಸಲ ತಾಳೆ ನೋಡಿದಳು. "ತಾತ, ನಮ್ಮ ಸ್ಕೂಲ್ ತಾರಸಿ ಇನ್ನೂ ದೊಡ್ಡದು" ಎಂದು ಈಗ ಅಳತೆ ಟೇಪು ಹುಡುಕುತ್ತಿದ್ದಾಳೆ.